ಬ್ಯಾಂಕಿನ ಸುಪರ್ದಿಯಲ್ಲಿದ್ದ ಹಸು

ಸಿಂಹಾಚಲದ ಬೆಟ್ಟದ ಬುಡದಲ್ಲಿ ಬಸ್ಸಿಗೆ ಕಾಯುತ್ತ ನಿಂತಿದ್ದೆವು. ವಿಶಾಖಪಟ್ಟಣದಲ್ಲಿರುವ ನಾದಿನಿಯ ಮಗಳ ಮನೆಯ ಗೃಹಪ್ರವೇಶಕ್ಕೆ ಹೋದವರು, ಇಷ್ಟು ದೂರ ಬಂದು ಅಪ್ಪನ್ನನನ್ನು ನೋಡದೆ ಹೋಗುವುದೇ ಎಂದು ಬೆಟ್ಟ ಹತ್ತಿ ಇಳಿದಿದ್ದೆವು. ಅಪ್ಪನ್ನ ಅಂದರೆ ಅಲ್ಲಿಯ ವರಾಹ ನರಸಿಂಹಸ್ವಾಮಿ. ಆ ಕಡೆಯ ಜನ ದೇವರನ್ನು ಮನೆಯ ಹಿರಿಯನನ್ನು ಕರೆದ ಹಾಗೆ ಕರೆಯುತ್ತಾರೆ. ನಮ್ಮೆದುರಿಗೆ ಯಾರೋ ಒಂದು ಹೋರಿಗರುವಿಗೆ ಬಕೆಟ್ಟಿನಲ್ಲಿ ನೆನೆಸಿದ ಕಡಲೆಕಾಯಿ ಹಿಂಡಿ ಇಟ್ಟರು. ಕರುವಿನ ಹಣೆ ತುಂಬ ಅರಿಶಿನ, ಕೊರಳಲ್ಲಿ ಸಂಪಿಗೆ ಹಾರ. ಸ್ವಾಮಿಗೆ ಹರಕೆ ಹೊತ್ತು ತಂದ ಕರು. ಹಿಂಡಿಯ ಆ ಹುಳಿ ವಾಸನೆ ಮೂಗಿಗೆ ಬಡಿದದ್ದೇ ತಡ, ನನ್ನ ಹೆಂಡತಿ ವಿಮಲಾ ನನ್ನ ಕಡೆ ತಿರುಗಿದಳು.

"ಪೈಡಿ," ಅಂದಳು.

"ಹೂಂ," ಅಂದೆ. ಮೂವತ್ತು ವರ್ಷ ದಾಟಿತು, ನಾನು ನಿವೃತ್ತನಾಗಿಯೇ ಎಷ್ಟೋ ಕಾಲವಾಯಿತು. ಆದರೂ ಆ ಹಸು ಇನ್ನೂ ನಮ್ಮ ಸುಪರ್ದಿಯಲ್ಲೇ ಇದೆ ಅಂತ ನನಗೆ ಆಗಾಗ ಅನಿಸುತ್ತದೆ.

ಎಂಬತ್ತರ ದಶಕದ ಕೊನೆಯ ಮಾತು. ತುಮಕೂರಿನಲ್ಲಿ ನೆಮ್ಮದಿಯಾಗಿದ್ದವನನ್ನು ಬ್ಯಾಂಕು ಎತ್ತಿ ವಿಶಾಖಪಟ್ಟಣದ ದ್ವಾರಕಾ ನಗರದ ಶಾಖೆಗೆ ಹಾಕಿತು. ಕೆಲಸ, ಸಾಲ ವಸೂಲಿ. ಯಾರೋ ಯಾವಾಗಲೋ ಕೊಟ್ಟ ಸಾಲ, ಕೊಟ್ಟವರು ಬಡ್ತಿ ತಗೊಂಡು ಬೇರೆ ಊರಿಗೆ ಹೋಗಿದ್ದರು, ಬಾಗಿಲು ಬಡಿಯುವುದಕ್ಕೆ ನಾನು. ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ ಅನ್ನುತ್ತಾರೆ. ನಾನು ಕೊಟ್ಟವನೂ ಅಲ್ಲ, ಇಸ್ಕೊಂಡವನೂ ಅಲ್ಲ, ಆದರೆ ಕೋಡಂಗಿ ಮಾತ್ರ ನಾನೇ. ಸಂಜೆ ಮನೆಗೆ ಬಂದರೆ ಸಮುದ್ರದ ಗಾಳಿಗೆ ಅಂಗಿ ಮೈಗೆ ಅಂಟಿರುತ್ತಿತ್ತು, ಯಾರ ಜೊತೆಗೂ ಮಾತು ಬೇಡ ಅನಿಸುತ್ತಿತ್ತು.

ಆ ಬೇಸಿಗೆಯ ಕೊನೆಗೆ ನಮಗೆ ಹೊಸ ಮ್ಯಾನೇಜರು ಬಂದರು. ಧಾರವಾಡದ ದೇಶಪಾಂಡೆಯವರು. ಒಳ್ಳೆಯ ಮನುಷ್ಯ, ಆದರೆ ಭಾಷೆಯ ವಿಷಯದಲ್ಲಿ ವಿಪರೀತ ಧೈರ್ಯ. "ತೆಲುಗಿನಾಗ ಏನದರೀ ರಾಯರ, ನಮ್ಮ ಮಾತಿನ ಕೊನಿಗೆ ಒಂದು 'ಉ' ಹಚ್ಚಿದ್ರ ಮುಗೀತು," ಅನ್ನುತ್ತಿದ್ದರು. ಹೋಟೆಲಿನಲ್ಲಿ ಹಾಗೆ ಹಚ್ಚಿಯೇ ಊಟ ತರಿಸಿಕೊಳ್ಳುತ್ತಿದ್ದರು. ಮಾಣಿಗಳು ನಕ್ಕರೂ ಇವರಿಗೆ ಬೇಸರವಿರಲಿಲ್ಲ.

ಅವರು ಬಂದ ಹೊಸದರಲ್ಲೇ ಅಪ್ಪಲನರಸಮ್ಮನ ಹಸುವಿನ ಜಪ್ತಿ ಬಂತು. ನರಸಮ್ಮ ಮದ್ದಿಲಪಾಲೆಮಿನ ಹಿಂದಿನ ಓಣಿಯಲ್ಲಿ ಇದ್ದವಳು, ದ್ವಾರಕಾ ನಗರದ ಮನೆಗಳಿಗೆ ಹಾಲು ಹಾಕುತ್ತಿದ್ದಳು. ನಮ್ಮ ಬ್ಯಾಂಕಿನ ಸಾಲದಲ್ಲಿ ಎರಡು ಹಸು ಕೊಂಡಿದ್ದಳು. ಒಂದು ಹೊಟ್ಟೆ ಉಬ್ಬರಿಸಿ ಸತ್ತಿತು. ಸತ್ತ ಹಸುವಿನ ಕಿವಿಯಲ್ಲಿ ವಿಮೆಯವರ ಬಿಲ್ಲೆ ಇರಲಿಲ್ಲ, ಎಲ್ಲೋ ಬೇಲಿಗೆ ಸಿಕ್ಕಿ ಬಿದ್ದುಹೋಗಿತ್ತು, ಹಾಗಾಗಿ ವಿಮೆಯೂ ಬರಲಿಲ್ಲ. ಕಂತು ನಿಂತಿತು, ಬ್ಯಾಂಕು ಕೋರ್ಟಿಗೆ ಹೋಯಿತು, ಕೋರ್ಟು ಉಳಿದ ಇನ್ನೊಂದು ಹಸುವನ್ನು ಜಪ್ತಿ ಮಾಡಲು ಹೇಳಿತು. ಆ ಇನ್ನೊಂದು ಹಸುವೇ ಪೈಡಿ, ಕೆಂದು ಬಣ್ಣದ್ದು.

ಜಪ್ತಿ ಮಾಡುವವನು ಕೋರ್ಟಿನ ಅಮೀನು, ಸನ್ಯಾಸಿರಾವು ಗಾರು. ಇನ್ನೇನು ಪಿಂಚಣಿಗೆ ಹೋಗಲಿದ್ದ, ಕೆಮ್ಮುತ್ತ ಸೈಕಲ್ ತುಳಿಯುತ್ತಿದ್ದ ಮನುಷ್ಯ. ಮಾತು ಕಡಿಮೆ. ಅವರ ಜೊತೆ ನಾನು, ದೇಶಪಾಂಡೆಯವರು ಹೋದೆವು. ನರಸಮ್ಮ ಹಗ್ಗ ಬಿಡಲಿಲ್ಲ. ಹಸುವಿನ ಹೊಟ್ಟೆಯ ಮೇಲೆ ಕೈಯಿಟ್ಟು ಮ್ಯಾನೇಜರ ಕಡೆ ತಿರುಗಿ ಕೂಗತೊಡಗಿದಳು. "ಸೂಡಿ ಆವು ಬಾಬೂ! ಸೂಡಿ ಆವು!"

ದೇಶಪಾಂಡೆಯವರಿಗೆ ತೆಲುಗಿನಲ್ಲಿ 'ಚೂಡು' ಅಂದರೆ ನೋಡು ಅಂತ ಗೊತ್ತಿತ್ತು. ಆ ಕಡೆಯವರ ಬಾಯಲ್ಲಿ ಅದು 'ಸೂಡು' ಆಗುತ್ತದೆ ಅಂತಲೂ ಹೋಟೆಲಿನಲ್ಲಿ ಕಲಿತಿದ್ದರು. ಹಸು ನೋಡು, ಹಸು ನೋಡು ಅಂತ ಬಡಪಾಯಿ ಗೋಗರೆಯುತ್ತಿದ್ದಾಳೆ ಅಂದುಕೊಂಡರು. ನಿಜ ಹೇಳಬೇಕೆಂದರೆ ನನಗೂ ಹಾಗೇ ಕೇಳಿಸಿತು. ಅವರು ಕರುಣೆಯಿಂದ ಎರಡು ಹೆಜ್ಜೆ ಮುಂದೆ ಹೋಗಿ, ಹಸುವನ್ನು ಕೊಂಬಿನಿಂದ ಬಾಲದವರೆಗೆ ನೋಡಿ, "ಸೂಸಾನಮ್ಮಾ, ಸೂಸಾನು. ಚಾಲಾ ಬಾಗುಂದಿ," ಅಂದರು. ನೋಡಿದೆನಮ್ಮ, ಬಹಳ ಚೆನ್ನಾಗಿದೆ ಅಂತ.

ನರಸಮ್ಮ ಬಾಯಿ ತೆರೆದವಳು ಹಾಗೇ ನಿಂತಳು. ಆಮೇಲೆ ಹಣೆ ಹಣೆ ಚಚ್ಚಿಕೊಂಡು ಹಗ್ಗವನ್ನು ನಮ್ಮ ಕಾಲ ಹತ್ತಿರ ಎಸೆದಳು. ಅಮೀನರು ಏನೂ ಹೇಳದೆ ಯಾದಿಯಲ್ಲಿ 'ಕೆಂಪು ಹಸು, ಒಂದು' ಎಂದು ಬರೆದು, ಹರಾಜಿನವರೆಗೆ ಸುಪರ್ದಿಗೆ ತೆಗೆದುಕೊಂಡಿದ್ದೇವೆ ಅಂತ ನಮ್ಮಿಬ್ಬರ ಸಹಿ ಹಾಕಿಸಿಕೊಂಡರು. ಹೊರಡುವಾಗ ಒಂದು ಮಾತು ಹೇಳಿದರು. "ಮಾರುವ ತನಕ ಹಸು ಅವಳದ್ದೇ ಸಾರ್. ಹಿಡಿದದ್ದು ನಾನು, ಇಟ್ಟುಕೊಂಡದ್ದು ನೀವು. ಇದಕ್ಕೆ ಏನಾದರೂ ಆದರೆ ಜಡ್ಜಿ ಗಾರು ಅವಳನ್ನು ಕೇಳುವುದಿಲ್ಲ, ನಮ್ಮನ್ನು ಕೇಳುತ್ತಾರೆ."

ಸ್ಕೂಟರು ಜಪ್ತಿ ಮಾಡಿದರೆ ಬೀಗ ಹಾಕಿ ಇಡಬಹುದು. ಹಸುವನ್ನು ಏನು ಮಾಡುವುದು? ಶಾಖೆಯ ಹಿತ್ತಿಲಲ್ಲಿ ಜನರೇಟರಿನ ಪಕ್ಕ ಕಟ್ಟಿದೆವು. ಕರೆಂಟು ಹೋಗಿ ಜನರೇಟರು ಗುಡುಗಿದ ಮೊದಲ ದಿನವೇ ಪೈಡಿ ಹಗ್ಗ ಕಿತ್ತುಕೊಂಡು ಮುಂಬಾಗಿಲಿಗೆ ಬಂದು ಪಾಸ್‌ಬುಕ್ಕಿನ ಸಾಲಿನಲ್ಲಿ ನಿಂತಿತು. ಜನ ಚೆಲ್ಲಾಪಿಲ್ಲಿ. ದೇಶಪಾಂಡೆಯವರು ಕ್ಯಾಬಿನ್ನಿನ ಬಾಗಿಲನ್ನು ಅರ್ಧ ತೆರೆದು ಹಿಡಿದು, "ರಾಯರ, ನಿಮ್ಮ ಮನ್ಯಾಗ ಹಿತ್ತಲ ಅದ ಅಂದಿದ್ರೆಲ್ಲಾ?" ಅಂತ ಕೇಳಿದರು. ಮುಗಿಯಿತು. ಅವತ್ತು ಸಂಜೆ ಹಸು ಸೀತಮ್ಮಧಾರದ ನಮ್ಮ ಬಾಡಿಗೆ ಮನೆಗೆ ಬಂತು.

ವಿಮಲಾ ಗುಬ್ಬಿಯ ಕಡೆಯವಳು, ದನಕರುಗಳ ಮನೆಯಿಂದ ಬಂದವಳು. ನನ್ನನ್ನು ನೋಡಲಿಲ್ಲ, ಹಸುವನ್ನು ನೋಡಿದಳು. ಹತ್ತಿರ ಹೋಗಿ ಪಕ್ಕೆ ಸವರಿದಳು, ಬಗ್ಗಿ ಕೆಚ್ಚಲು ನೋಡಿದಳು. ಆಮೇಲೆ ಸೊಂಟಕ್ಕೆ ಕೈಯಿಟ್ಟು ನನ್ನ ಕಡೆ ತಿರುಗಿದಳು.

"ಅಲ್ರೀ, ಗಬ್ಬದ ಹಸು ಹಿಡ್ಕೊಂಡ್ ಬಂದಿದೀರಲ್ರೀ! ಬ್ಯಾಂಕ್‌ನೋರಿಗೆ ಕಣ್ಣು ಕಾಣ್ಸಲ್ವಾ?"

"ಯಾರೂ ಹೇಳಲಿಲ್ಲ ಕಣೇ," ಅಂದೆ. ಅನ್ನುತ್ತಿದ್ದ ಹಾಗೇ ಕಿವಿಯಲ್ಲಿ ಆ ಕೂಗು ತಿರುಗಿ ಕೇಳಿಸಿತು. ಮನೆಯ ಓನರಮ್ಮನನ್ನು ಕೂಗಿ, ತೆಲುಗಿನಲ್ಲಿ ಗಬ್ಬದ ಹಸುವಿಗೆ ಏನಂತಾರಮ್ಮ ಎಂದು ಕೇಳಿದೆ. "ಸೂಡಿ ಆವು," ಅಂದಳು ಆಕೆ, ಇಷ್ಟೂ ಗೊತ್ತಿಲ್ಲವೇ ಎಂಬಂತೆ. ಹೇಳಿದ್ದಳು ಪುಣ್ಯಾತ್ಗಿತ್ತಿ. ಗಂಟಲು ಹರಿದುಕೊಂಡು ಹೇಳಿದ್ದಳು. ನಾವು ನೋಡಿದೆವು, ಬಹಳ ಚೆನ್ನಾಗಿದೆ ಅಂತ ಉತ್ತರ ಕೊಟ್ಟು ಬಂದಿದ್ದೆವು.

ಮರುದಿನ ದೇಶಪಾಂಡೆಯವರಿಗೆ ತಿಳಿಸಿದಾಗ ಅವರ ಮುಖ ಸಣ್ಣದಾಯಿತು. "ಛೇ ಛೇ ಛೇ," ಅಂದರು. ಅಮೀನರನ್ನು ಕರೆಸಿ, ನಿಮಗೆ ಗೊತ್ತಿತ್ತಲ್ಲ, ಯಾಕೆ ಹೇಳಲಿಲ್ಲ ಅಂತ ಕೇಳಿದರೆ ಅವರು ಕೆಮ್ಮಿ, "ಮ್ಯಾನೇಜರು ಗಾರೇ ನೋಡಿದೆ ಅಂದರಲ್ಲ," ಅಂದುಬಿಟ್ಟರು. ಅಂದಿನಿಂದ ದೇಶಪಾಂಡೆಯವರು 'ಉ' ಹಚ್ಚುವುದನ್ನು ನಿಲ್ಲಿಸಿ, ಒಬ್ಬ ಮೇಷ್ಟರನ್ನು ಗೊತ್ತುಮಾಡಿಕೊಂಡು ಶ್ರದ್ಧೆಯಿಂದ ತೆಲುಗು ಕಲಿಯತೊಡಗಿದರು.

ಮಳೆಗಾಲ ಶುರುವಾಯಿತು. ನರಸಮ್ಮನ ವಕೀಲರು ಹಸುವನ್ನು ಮಾರಬಾರದೆಂದು ತಕರಾರು ಹಾಕಿದರು, ಕೋರ್ಟು ಮುಂದಕ್ಕೆ ಹಾಕಿತು, ಮತ್ತೆ ಮುಂದಕ್ಕೆ ಹಾಕಿತು. ನಾನು ಬೆಳಗ್ಗೆ ಸಗಣಿ ಬಾಚಿ, ಸ್ನಾನ ಮಾಡಿ, ಟೈ ಕಟ್ಟಿಕೊಂಡು ವಸೂಲಿಗೆ ಹೋಗುತ್ತಿದ್ದೆ. ಸಂಜೆ ಹುಲ್ಲಿನ ಹೊರೆಯನ್ನು ರಿಕ್ಷಾದಲ್ಲಿ ಹಾಕಿಸಿಕೊಂಡು ಬರುತ್ತಿದ್ದೆ. ಹಸು ಒಂದು ಹೊತ್ತು ಮೇವು ಬಿಟ್ಟರೆ ನನಗೆ ಅನ್ನ ಇಳಿಯುತ್ತಿರಲಿಲ್ಲ. ಪ್ರೀತಿಯಿಂದ ಅಂತ ಹೇಳಿದರೆ ಸುಳ್ಳಾಗುತ್ತದೆ. ಭಯದಿಂದ. ಇನ್ನೊಬ್ಬರ ವಸ್ತುವನ್ನು ನಮ್ಮದಕ್ಕಿಂತ ಜೋಪಾನವಾಗಿ ನೋಡಿಕೊಳ್ಳುವುದು ಎಂಥ ಸುಸ್ತಿನ ಕೆಲಸ ಅಂತ ಆ ಮಳೆಗಾಲ ನನಗೆ ತಿಳಿಯಿತು.

ನರಸಮ್ಮ ಹಾಲು ಮುಗಿಸಿ ದಿನಾ ಬರುತ್ತಿದ್ದಳು. ಈಗ ಆಕೆಯ ಹಾಲೆಂದರೆ ಬೇರೆಯವರ ಹಾಲು, ಕೂಲಿಗೆ ಹಂಚುತ್ತಿದ್ದಳು. ಮೊದಮೊದಲು ಜಗಳಕ್ಕೆ ಬರುತ್ತಿದ್ದಳು. ಮೇವಿನ ಗೊಂತು ತಗ್ಗಾಯಿತು, ಹಿಂಡಿ ಸರಿಯಾಗಿ ನೆನೆದಿಲ್ಲ, ಸೊಳ್ಳೆಗೆ ಹೊಗೆ ಹಾಕಿಲ್ಲ. ಆಮೇಲೆ ವಿಮಲಾ ಜೊತೆ ಕಟ್ಟೆಯ ಮೇಲೆ ಕುಳಿತು ಕಾಫಿ ಕುಡಿಯುವ ಹಾಗಾಯಿತು. ಇವಳ ಅರೆಬರೆ ತೆಲುಗು, ಅವಳ ಒಂದೇ ಒಂದು ಕನ್ನಡದ ಮಾತು, "ಸಾಕಮ್ಮಾ ಸಾಕು". ಒಂದು ದಿನ ಅವಳೇ ವಿಷಯ ಬಿಚ್ಚಿದಳು. ಹಿಂದಿನ ವರ್ಷ ಮಗಳಿಗೆ ಹೆರಿಗೆ ಕಷ್ಟವಾಗಿ, ದೊಡ್ಡಾಸ್ಪತ್ರೆಯವರು ಕೈಚೆಲ್ಲಿದಾಗ, ಸಿಂಹಾಚಲದ ಕಡೆ ತಿರುಗಿ ಮೊರೆ ಇಟ್ಟಿದ್ದಳಂತೆ. ಮಗಳು ಬದುಕಿದರೆ ಪೈಡಿಯ ಹೊಟ್ಟೆಯಲ್ಲಿ ಹುಟ್ಟುವ ಮುಂದಿನ ಹೋರಿಗರು ನಿನ್ನದು ಅಂತ. ಮಗಳು ಬದುಕಿದಳು.

"ಬ್ಯಾಂಕಿನ ಸಾಲಕ್ಕೆ ಹಸು ಹಿಡಿದಿರಿ, ಹಿಡಿಯಿರಿ," ಅಂದಳು ನನ್ನ ಕಡೆ ತಿರುಗಿ. "ಹೊಟ್ಟೆಯಲ್ಲಿರುವುದು ನನ್ನದೂ ಅಲ್ಲ, ನಿಮ್ಮದೂ ಅಲ್ಲ ಬಾಬೂ. ಅದನ್ನೂ ಹರಾಜು ಹಾಕಿದರೆ ಅಪ್ಪನ್ನನಿಗೆ ನಾನು ಏನು ಹೇಳಲಿ? ಮಗಳನ್ನು ವಾಪಸು ತಗೋ ಅನ್ನಲೇ?"

ಬಡ್ತಿಗಾಗಿ ಕಟ್ಟಿದ ಬ್ಯಾಂಕು ಪರೀಕ್ಷೆಯಲ್ಲಿ ನಾನು ಓದಿದ್ದು ಇದನ್ನೇ. ಎ ಎಂಬುವನು ತನ್ನ ಹಸುವನ್ನು ಬಿ ಎಂಬುವನ ಬಳಿ ಜೋಪಾನಕ್ಕೆ ಬಿಡುತ್ತಾನೆ, ಹಸು ಕರು ಹಾಕುತ್ತದೆ, ಬಿ ಏನು ಮಾಡಬೇಕು? ಹಸುವನ್ನೂ ಕರುವನ್ನೂ ಎ ಗೆ ಒಪ್ಪಿಸಬೇಕು. ಮಲಗಿದಲ್ಲೇ ಎಬ್ಬಿಸಿ ಕೇಳಿದರೂ ಹೇಳುತ್ತಿದ್ದೆ. ಆ ಎ ಗೆ ಒಂದು ಹೆಸರಿರುತ್ತದೆ, ಅವಳು ನಮ್ಮ ಕಟ್ಟೆಯ ಮೇಲೆ ಕುಳಿತು ಮೂಗು ಒರೆಸಿಕೊಳ್ಳುತ್ತಾಳೆ ಅಂತ ಪುಸ್ತಕದಲ್ಲಿ ಇರಲಿಲ್ಲ.

ವಿಜಯವಾಡದಲ್ಲಿ ನಮ್ಮ ಮೇಲಿನ ಕಚೇರಿ. ಹುಲ್ಲಿನ ಖರ್ಚಿಗೆ ಮಂಜೂರಾತಿ, ಕರುವಿನ ವಿಷಯಕ್ಕೆ ಅಪ್ಪಣೆ, ಎರಡನ್ನೂ ತರಲು ದೇಶಪಾಂಡೆಯವರು ನನ್ನನ್ನು ಕಳಿಸಿದರು. ದಾರಿಯುದ್ದಕ್ಕೂ ಮಳೆ, ಗದ್ದೆಗಳೆಲ್ಲ ಕೆರೆ. ಇಳಿದರೆ ಅಲ್ಲಿ ಮಳೆಯೂ ಇಲ್ಲ, ಗಾಳಿಯೂ ಇಲ್ಲ, ಹಬೆ. ಲೆಕ್ಕದ ವಿಭಾಗದವರಿಗೆ ಹುಲ್ಲನ್ನು ಯಾವ ಬಾಬಿಗೆ ಹಾಕುವುದು ಅಂತ ಗೊತ್ತಾಗಲಿಲ್ಲ. ಒಬ್ಬರಿಂದ ಒಬ್ಬರ ಮೇಜಿಗೆ ಕಳಿಸಿ, ಕಡೆಗೆ 'ಶಾಖೆಯ ತೋಟದ ನಿರ್ವಹಣೆ' ಅಂತ ಬರೆಸಿದರು. ನಮ್ಮ ಶಾಖೆಯಲ್ಲಿ ಇದ್ದದ್ದು ಒಂದು ಕುಂಡ, ಅದರಲ್ಲಿ ಒಣಗಿದ ತುಳಸಿ.

ಕಾನೂನು ವಿಭಾಗದ ಅಧಿಕಾರಿ ಫೈಲಿನಿಂದ ತಲೆಯೆತ್ತದೆ ಕೇಳಿಸಿಕೊಂಡರು. "ಕರು ಆದರೆ ಒಳ್ಳೆಯದೇ ಆಯಿತಲ್ಲ. ಎರಡನ್ನೂ ಸೇರಿಸಿ ಹರಾಜು ಹಾಕಿ, ಬೆಲೆ ಹೆಚ್ಚು ಬರುತ್ತೆ," ಅಂದರು.

ನಾನು ಮೆಲ್ಲಗೆ ಎ ಮತ್ತು ಬಿ ಕಥೆ ಹೇಳಿದೆ.

"ಅದು ಪರೀಕ್ಷೆ ಕಣ್ರೀ," ಅಂದರು ಅವರು. ಮೈಸೂರಿನವರು. "ಇದು ವಿಜಯವಾಡ."

ವಾಪಸು ಬರುವಾಗ ರೈಲಿನಲ್ಲಿ ಕೂರಲು ಜಾಗವಿರಲಿಲ್ಲ. ಬಾಗಿಲ ಹತ್ತಿರ ನಿಂತು ಒದ್ದೆಯಾಗುತ್ತ ಬಂದೆ. ನರಸಮ್ಮನಿಗೆ ಏನು ಹೇಳಲಿ ಅನ್ನುವುದೊಂದೇ ಯೋಚನೆ. ಕೊನೆಗೆ, ವಿಜಯವಾಡದಿಂದ ಇನ್ನೂ ಏನೂ ತಿಳಿದಿಲ್ಲ ಅಂತ ಸುಳ್ಳು ಹೇಳಿದೆ. ಅವಳು ನಂಬಲಿಲ್ಲ, ಆದರೆ ಜಗಳವನ್ನೂ ಮಾಡಲಿಲ್ಲ. ಅಷ್ಟು ಹೊತ್ತಿಗೆ ಅವಳಿಗೂ ಸಾಕಾಗಿತ್ತು.

ದಸರೆ ಮುಗಿದ ಮೇಲೆ ತುಫಾನು ಬಂತು. ಬಂದರಿನಲ್ಲಿ ಅಪಾಯದ ಗುರುತು ಏರಿಸಿದ್ದಾರೆ, ಹಡಗುಗಳೆಲ್ಲ ಆಳಕ್ಕೆ ಹೋಗಿವೆ ಅಂತ ಹಾಲಿನವರು ಸುದ್ದಿ ತಂದರು. ಗಾಳಿ ಎದ್ದ ಬೆಳಗ್ಗೆಯೇ ಪೈಡಿ ಮಲಗಿ ಏಳಲು ಶುರುಮಾಡಿತು. ಹಿತ್ತಿಲಲ್ಲಿ ಅದಕ್ಕೆ ಹಾಕಿದ್ದ ಮಾಡಿನ ತಗಡು ಹಾರಿಹೋಯಿತು. ಹಸುವನ್ನು ಎಲ್ಲಿಗೆ ಒಯ್ಯುವುದು? ವಿಮಲಾ ಹಿಂದುಮುಂದು ನೋಡದೆ ಹಗ್ಗ ಹಿಡಿದು ಅಡುಗೆಮನೆಯ ಪಕ್ಕದ ಊಟದ ಕೋಣೆಗೇ ತಂದಳು. ಓನರಮ್ಮ ಬಾಯಿ ಬಡಿದುಕೊಂಡಳು. ಅಷ್ಟರಲ್ಲಿ ನರಸಮ್ಮ ತೊಯ್ದು ತೊಪ್ಪೆಯಾಗಿ ಓಡಿ ಬಂದಳು. ಹಿಂದೆಯೇ ಸೈಕಲ್ ತಳ್ಳಿಕೊಂಡು ಅಮೀನರು. ಮಳೆಯ ಅಂಗಿಯೊಳಗೆ ನಡುಗುತ್ತಿದ್ದರು. "ಹಸುವಿಗೆ ಏನಾದರೂ ಆದರೆ ನನ್ನ ಪಿಂಚಣಿ ನಿಲ್ಲಿಸುತ್ತಾರೆ ಸಾರ್," ಅಂದರು. ದೇಶಪಾಂಡೆಯವರು ಮುರಿದ ಛತ್ರಿಯೊಂದಿಗೆ ಕಡೆಗೆ ಬಂದರು. ಒಬ್ಬ ಮ್ಯಾನೇಜರು, ಒಬ್ಬ ಆಫೀಸರು, ಒಬ್ಬ ಕೋರ್ಟಿನ ಅಮೀನು, ಮೂವರೂ ಗೋಡೆಗೆ ಆತು ನಿಂತೆವು. ಕೆಲಸ ಮಾಡಿದವರು ಆ ಇಬ್ಬರು ಹೆಂಗಸರು.

ಮಧ್ಯಾಹ್ನದ ಹೊತ್ತಿಗೆ ಪೈಡಿ ಕರು ಹಾಕಿತು. ನರಸಮ್ಮ ಅದರ ಹಿಂಗಾಲು ಸರಿಸಿ ನೋಡಿದಳು. "ಕೋಡೆ," ಅಂದಳು. ಹೋರಿಗರು. ನೆತ್ತರಾದ ಕೈಗಳನ್ನು ಹಾಗೇ ಸಿಂಹಾಚಲದ ದಿಕ್ಕಿಗೆ ಜೋಡಿಸಿದಳು, ಬಿಕ್ಕಿ ಬಿಕ್ಕಿ ಅತ್ತಳು. ವಿಮಲಾ ಕೂಡ ಅತ್ತಳು. ನನ್ನ ಕಣ್ಣಲ್ಲೂ ನೀರು ಬಂತು, ಅದರಲ್ಲಿ ನಾಚಿಕೆ ಏನಿದೆ?

ಹಸು ಎದ್ದು ನಿಂತು ಮಾಸು ಬೀಳುವವರೆಗೆ ಅಮೀನರು ಕದಲಲಿಲ್ಲ. ಆಮೇಲೆ ನಿಟ್ಟುಸಿರು ಬಿಟ್ಟು ಬೀಡಿ ಹಚ್ಚಿದರು. ಕರು ಯಾರದಾಯಿತು ಈಗ ಅಂತ ದೇಶಪಾಂಡೆಯವರು ಅವರನ್ನು ಕೇಳಿದರು, ಒಳ್ಳೆಯ ತೆಲುಗಿನಲ್ಲೇ.

"ನಾನು ಹಿಡಿದದ್ದು ಒಂದು ತಲೆ," ಅಂದರು ಸನ್ಯಾಸಿರಾವು ಗಾರು. "ಯಾದಿಯಲ್ಲೂ ಅದೇ ಇದೆ. ಸೂಡಿ ಅಂತ ಬರೆದಿದ್ದರೆ ಬೇರೆ ಮಾತು. ನಾನು ಬರೆಯಲಿಲ್ಲ. ಎರಡನೇ ತಲೆಯ ಸಂಗತಿ ನನಗೇನು ಗೊತ್ತು?"

ದೇಶಪಾಂಡೆಯವರು ಬಗ್ಗಿ ಕರುವಿನ ಹಣೆ ಸವರಿದರು. "ರಾಯರ, ಅವತ್ತ ಆಕಿ ಮಾತು ನಮಗ ತಿಳೀಲಿಲ್ಲ, ಚಲೋ ಆತು ನೋಡ್ರಿ," ಅಂದರು. "ತಿಳಿದಿದ್ರ ಶ್ಯಾಣ್ಯಾನಂಗ ನಾನಽ ಮುಂದ ನಿಂತು ಬರಸ್ತಿದ್ದೆ." ಅವತ್ತೇ ವಿಜಯವಾಡಕ್ಕೆ ಪತ್ರ ಹಾಕಿದರು, ಜಪ್ತಿಯಾದದ್ದು ಹಸು ಮಾತ್ರ, ಕರುವಿಗೂ ಬ್ಯಾಂಕಿಗೂ ಸಂಬಂಧವಿಲ್ಲ ಅಂತ. ಹೆದರಿಕೆಯ ಮನುಷ್ಯ, ಆದರೂ ಹಾಕಿದರು. ಜೊತೆಗೆ, ಕರು ಹಾಲು ಬಿಡುವವರೆಗೆ ಹರಾಜು ಬೇಡ ಎಂದೂ ಕೇಳಿಕೊಂಡರು. ವಿಮಲಾ ಗಿಣ್ಣು ಕಾಸಿ ತಂದುಕೊಟ್ಟರೆ ಮುಟ್ಟಲಿಲ್ಲ. "ಬ್ಯಾಡ್ರಿ ವೈನಿ, ಅದು ಕೋರ್ಟಿನ ಗಿಣ್ಣ," ಅಂದರು. ನಾವೆಲ್ಲ ನಕ್ಕೆವು. ಆ ವರ್ಷ ನಾವು ಮನಸಾರೆ ನಕ್ಕದ್ದು ಅದೊಂದೇ ಸಲ ಇರಬೇಕು.

ಉತ್ತರ ಬಂತು. ಕರುವಿನ ವಿಷಯದಲ್ಲಿ ಮ್ಯಾನೇಜರ ಮಾತಿಗೆ ಅವರು ತಕರಾರು ಮಾಡಲಿಲ್ಲ. ಹಸುವನ್ನು ಮಾತ್ರ ತಡಮಾಡದೆ ಮಾರಬೇಕು, ಈಗಾಗಲೇ ತೋಟದ ಖರ್ಚು ಮಿತಿಮೀರಿದೆ ಎಂದಿತ್ತು. ಅಷ್ಟರಲ್ಲಿ ಕೋರ್ಟು ನರಸಮ್ಮನ ತಕರಾರನ್ನು ತಳ್ಳಿಹಾಕಿತ್ತು. ಕರು ಅವಳಿಗೆ, ತಾಯಿ ಹರಾಜಿಗೆ. ಕರುವಿಗೆ ಒಡೆಯರು ಯಾರೆಂದು ಎಲ್ಲರೂ ತಲೆ ಕೆಡಿಸಿಕೊಂಡಿದ್ದೆವು, ಅದಕ್ಕೆ ಹಾಲು ಯಾರು ಕೊಡುತ್ತಾರೆ ಅಂತ ದೇಶಪಾಂಡೆಯವರನ್ನು ಬಿಟ್ಟರೆ ಒಬ್ಬರೂ ಯೋಚಿಸಿರಲಿಲ್ಲ.

ಓದುವವರಿಗೆ ಗಾಬರಿಯಾಗದಿರಲಿ, ಕರು ಬದುಕಿತು. ವಿಮಲಾ ದಿನಾ ಎರಡು ಹೊತ್ತು ಮದ್ದಿಲಪಾಲೆಮಿಗೆ ಹೋಗಿ ಸೀಸೆಯಲ್ಲಿ ಹಾಲು ಕುಡಿಸಿ ಬಂದಳು. ನಮ್ಮ ಮನೆಯಲ್ಲಿ ಆ ಚಳಿಗಾಲ ಕಾಫಿಗೆ ಹಾಲು ಕಡಿಮೆಯಿತ್ತು. ಮುಂದಿನ ವರ್ಷ ಅಪ್ಪನ್ನನ ಚಂದನೋತ್ಸವ ಕಳೆದ ಮೇಲೆ ನರಸಮ್ಮ ಅದಕ್ಕೆ ಅರಿಶಿನ ಬಳಿದು, ಗೆಜ್ಜೆ ಕಟ್ಟಿ, ನಡೆಸಿಕೊಂಡೇ ಸಿಂಹಾಚಲಕ್ಕೆ ಹೋಗಿ ಒಪ್ಪಿಸಿ ಬಂದಳು. ಮಾತು ಉಳಿಸಿಕೊಂಡಳು. ಆ ಹೊತ್ತಿಗೆ ದೇಶಪಾಂಡೆಯವರು ಅಲ್ಲಿರಲಿಲ್ಲ, ತಾವೇ ಕೇಳಿಕೊಂಡು ಧಾರವಾಡಕ್ಕೆ ವರ್ಗ ಮಾಡಿಸಿಕೊಂಡು ಹೋಗಿದ್ದರು. ಆದರೆ ಹಿಂಡಿಯ ವಾಸನೆ ಬಂದಾಗ ನನಗೆ ನೆನಪಾಗುವುದು ಆ ದಿನವಲ್ಲ, ಅದಕ್ಕೂ ಹಿಂದಿನ ಹರಾಜಿನ ದಿನ.

ಕಾರ್ತಿಕದ ಒಂದು ಬೆಳಗ್ಗೆ, ಕೋರ್ಟಿನ ಅಂಗಳದಲ್ಲಿ ಹರಾಜು ಬೇಗನೆ ಮುಗಿಯಿತು. ಹಿಡಿದವನು ಅನಕಾಪಲ್ಲಿಯವನು, ಲಾರಿ ತಂದಿದ್ದ. ಪೈಡಿ ಮೈತುಂಬಿಕೊಂಡಿತ್ತು, ಮೈ ಹೊಳೆಯುತ್ತಿತ್ತು. ಇಷ್ಟು ಚೆನ್ನಾಗಿ ನೋಡಿಕೊಂಡ ಜಪ್ತಿಯ ದನವನ್ನು ನಾನು ಕಂಡೇ ಇಲ್ಲ ಅಂತ ಅಮೀನರು ನನ್ನ ಬೆನ್ನು ತಟ್ಟಿದರು. ಹಲಗೆ ಇಟ್ಟು ಹಸುವನ್ನು ಲಾರಿಗೆ ಹತ್ತಿಸುವಾಗ ಅದು ತಿರುಗಿ ಅಂಬಾ ಅಂದಿತು. ನರಸಮ್ಮ ಬೇವಿನ ಮರದ ಕೆಳಗೆ ಕರುವನ್ನು ಹಿಡಿದು ನಿಂತಿದ್ದಳು. ಅದು ಕೊರಳ ಹಗ್ಗ ಬಿಗಿಯುವ ಹಾಗೆ ಜಗ್ಗಿತು, ಮುಂಗಾಲು ಮಡಿಸಿ ಬಿತ್ತು, ಎದ್ದು ಮತ್ತೆ ಜಗ್ಗಿತು. ಲಾರಿ ಗೇಟು ದಾಟಿದ ಮೇಲೆ ಅವಳ ಸೀರೆಯ ನೆರಿಗೆಯಲ್ಲಿ ಮೂತಿ ತೂರಿಸಿ ಕೆಚ್ಚಲು ಹುಡುಕತೊಡಗಿತು.

ನಾವು ಮೆಟ್ಟಿಲ ಮೇಲೆ ನಿಂತಿದ್ದೆವು. ಸುಪರ್ದಿಯಲ್ಲಿದ್ದ ಸ್ವತ್ತನ್ನು ಸುಸ್ಥಿತಿಯಲ್ಲಿ ಒಪ್ಪಿಸಿದೆ ಎಂಬ ಕಾಗದವನ್ನು ಅಮೀನರು ದೇಶಪಾಂಡೆಯವರ ಮುಂದೆ ಹಿಡಿದರು. ನರಸಮ್ಮ ಅಲ್ಲಿಂದಲೇ ಕೂಗಲಿಲ್ಲ, ಜಗಳ ಮಾಡಲಿಲ್ಲ. ಕರುವನ್ನು ನಡೆಸಿಕೊಂಡು ಮೆಟ್ಟಿಲ ಹತ್ತಿರ ಬಂದು, ಮೆಲ್ಲಗೆ, "ಸೂಡು ಬಾಬೂ," ಅಂದಳು.

ಅಷ್ಟು ಹೊತ್ತಿಗೆ ದೇಶಪಾಂಡೆಯವರ ತೆಲುಗು ಚೆನ್ನಾಗಿಯೇ ಇತ್ತು. ಸೂಡಿ ಯಾವುದು, ಸೂಡು ಯಾವುದು ಅಂತ ಅವರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಅವರು ತಲೆಯೆತ್ತಲಿಲ್ಲ. ಪೆನ್ನಿನ ಮುಚ್ಚಳ ತೆಗೆದು, "ಸಹಿ ಎಲ್ಲಿ ಹಾಕೂದ್ರೀ ರಾಯರ?" ಅಂತ ನನ್ನನ್ನು ಕನ್ನಡದಲ್ಲಿ ಕೇಳಿದರು.